ಮುಖ ಬೇಕು, ಮಾತು ಬೇಡ: ಗಡಿನಾಡಿನ ಹಿರಿಯ ನಟಿಯೊಬ್ಬರ ಪ್ರಕರಣ

ಕನ್ನಡ ಸಿನಿಮಾವೊಂದಕ್ಕೆ ಕಾಸರಗೋಡಿನ ಹಿರಿಯ ಹೆಂಗಸೊಬ್ಬರನ್ನು ಅವರ ಮಾತಿನ ಧಾಟಿ ಕೇಳಿಯೇ ಆರಿಸಿದರು. ಶೂಟಿಂಗ್ ಮುಗಿಯಿತು. ಆಮೇಲೆ ಆ ಮಾತನ್ನೇ ತೆಗೆದು, ಬೆಂಗಳೂರಿನ ಬೇರೆಯವರ ದನಿ ಹಾಕಲು ಹೊರಟರು. ಅವರು ಒಪ್ಪಲಿಲ್ಲ. ಮುಂದೆ ನಡೆದದ್ದು ನಮ್ಮ ಊರಿನ ಮಟ್ಟಿಗೆ ಚಿಕ್ಕ ಸಂಗತಿ ಅಲ್ಲ. ಹಾಗಾಗಿ ಪೂರ್ತಿಯಾಗಿ ಬರೆಯುತ್ತಿದ್ದೇನೆ.

ನಾನು ಇಲ್ಲಿಯ ಕನ್ನಡ ಶಾಲೆಯೊಂದರಲ್ಲಿ ಮಾಷ್ಟ್ರು. ಸಂಭಾಷಣೆಗೆ ಊರಿನ ಧಾಟಿ ಕೂಡಿಸಲು ಆ ಸಿನಿಮಾದವರು ನನ್ನ ಸಹಾಯ ಕೇಳಿದ್ದರು. ಹಾಗಾಗಿ ಹೆಚ್ಚಿನದ್ದೆಲ್ಲ ಕಣ್ಣೆದುರೇ ನಡೆದದ್ದು. ನಟಿ ತಮ್ಮ ಹೆಸರು ಬೇಡ ಎಂದಿದ್ದಾರೆ. ಸಿನಿಮಾದ ಹೆಸರನ್ನೂ ಬಿಟ್ಟಿದ್ದೇನೆ. ಊರಲ್ಲಿ ಚಿಕ್ಕವರು, ದೊಡ್ಡವರು ಎಲ್ಲರೂ ಅವರನ್ನು ಅಕ್ಕ ಎಂದೇ ಕರೆಯುತ್ತಾರೆ. ಇಲ್ಲೂ ಹಾಗೇ ಇರಲಿ.

ಬೀಡಿ, ತಾಳಮದ್ದಳೆ, ಆಮೇಲೆ ಕ್ಯಾಮೆರಾ

ಪೆರ್ಲ, ಬದಿಯಡ್ಕದ ನಡುವಿನ ಒಂದು ಹಳ್ಳಿ ಅಕ್ಕನದು. 1956ರ ನವೆಂಬರ್ 1ಕ್ಕೆ ಕಾಸರಗೋಡು ಕೇರಳಕ್ಕೆ ಸೇರಿತಲ್ಲ, ಅದರ ಮರುವರ್ಷ ಹುಟ್ಟಿದವರು. 1967ರಲ್ಲಿ ಮಹಾಜನ ಆಯೋಗ ಚಂದ್ರಗಿರಿ ಹೊಳೆಯ ಉತ್ತರದ ಭಾಗ ಕರ್ನಾಟಕಕ್ಕೆ ಸೇರಬೇಕು ಎಂದಾಗ ಅವರು ಶಾಲೆಗೆ ಹೋಗುತ್ತಿದ್ದರು. ಆಯೋಗದ ಮಾತು ಕಾಗದದಲ್ಲೇ ಉಳಿಯಿತು. ಅಕ್ಕ ಕನ್ನಡ ಶಾಲೆಯಲ್ಲಿ ಏಳನೇ ತನಕ ಓದಿ, ಬೀಡಿ ಕಟ್ಟಲು ಕೂತರು.

ಮನೆಯ ಮಾತು ತುಳು. ಶಾಲೆಯದ್ದು ಕನ್ನಡ. ನೆರೆಮನೆಯ ಹೆಂಗಸರ ಜೊತೆ ಬ್ಯಾರಿ. ರೇಷನ್ ಅಂಗಡಿ, ವಿಲೇಜ್ ಆಫೀಸು, ಬಸ್ಸಿನಲ್ಲಿ ಮಲಯಾಳ. ಅಡಿಕೆ ಸುಲಿಯಲು ಹೋದ ಮನೆಗಳಲ್ಲಿ ಹವ್ಯಕರ ಕನ್ನಡ. ಇದೇನೂ ಇಲ್ಲಿ ವಿಶೇಷ ಅಲ್ಲ. ಸಪ್ತಭಾಷೆಯ ನಾಡು ಎಂದು ನಾವು ಸಭೆಗಳಲ್ಲಿ ಹೇಳಿಕೊಳ್ಳುವುದು ಇದನ್ನೇ. ಆದರೆ ಅಕ್ಕ ಪ್ರತಿ ಭಾಷೆಯನ್ನೂ ಅದನ್ನಾಡುವ ಜನರ ಮುಖದ ಸಮೇತ ಕಲಿತಿದ್ದರು. ವಿಲೇಜ್ ಆಫೀಸಿನ ಗುಮಾಸ್ತರ ಹಾಗೆ ಮಲಯಾಳ ಮಾತಾಡಿ ತೋರಿಸುವಾಗ ಅವರ ಕಣ್ಣು ಎದುರಿನ ಕಾಗದದಿಂದ ಏಳುವುದೇ ಇಲ್ಲ. ಮಾತು ಮುಗಿದ ಮೇಲೆ ಒಂದು ಕ್ಷಣ ಬಿಟ್ಟು ಗಲ್ಲ ಮೇಲೆತ್ತುತ್ತಾರೆ. ಆ ಒಂದು ಕ್ಷಣದಲ್ಲಿ ಆಫೀಸಿನ ಪೂರ್ತಿ ಗತ್ತು ಬಂದು ಕೂತಿರುತ್ತದೆ.

ಮದುವೆ ಆಗಲಿಲ್ಲ. ಯಾಕೆ ಎಂದು ಕೇಳಿದವರಿಗೆ “ಪುರುಸೊತ್ತು ಎಲ್ಲಿ ಇತ್ತು?” ಅನ್ನುತ್ತಾರೆ. ಬೀಡಿಯ ಸಂಪಾದನೆಯಲ್ಲಿ ತಮ್ಮಂದಿರನ್ನು ಓದಿಸಿದರು, ತಂಗಿಯ ಮದುವೆ ಮಾಡಿದರು, ಮನೆಗೆ ಹಂಚು ಹೊದೆಸಿದರು. ಬೆಳಿಗ್ಗೆ ಎಲೆ ಕತ್ತರಿಸುವುದು, ಮಧ್ಯಾಹ್ನ ಕಟ್ಟುವುದು, ಸಂಜೆ ಬೀಡಿ ಕಂಪನಿಯ ಬ್ರಾಂಚಿಗೆ ಕೊಂಡು ಹೋಗುವುದು. ನಮ್ಮ ಕಡೆಯ ಎಷ್ಟೋ ಮನೆಗಳು ಹೀಗೇ ನಡೆದದ್ದು.

ನಟನೆಯ ಮಟ್ಟಿಗೆ ಮುಖ್ಯವಾದದ್ದು ತಾಳಮದ್ದಳೆ. ಯಕ್ಷಗಾನದ ಕವಿ ಪಾರ್ತಿಸುಬ್ಬನ ಊರು ಕುಂಬಳೆ ಇಲ್ಲಿಂದ ದೂರವಲ್ಲ. ಅವನ ಹೆಸರಿನಲ್ಲಿರುವ ರಾಮಾಯಣದ ಪ್ರಸಂಗಗಳು ನಮ್ಮ ಹಳ್ಳಿಗಳಲ್ಲಿ ಮಕ್ಕಳಿಗೂ ಬಾಯಿಪಾಠ. ತಾಳಮದ್ದಳೆಯಲ್ಲಿ ವೇಷ ಇಲ್ಲ, ಬಣ್ಣ ಇಲ್ಲ, ಕುಣಿತ ಇಲ್ಲ. ಭಾಗವತರು ಪದ ಹೇಳುತ್ತಾರೆ, ಅರ್ಥಧಾರಿಗಳು ಕೂತಲ್ಲಿಂದಲೇ ಅದಕ್ಕೆ ಮಾತು ಕಟ್ಟುತ್ತಾರೆ. ಬರೆದ ಸಂಭಾಷಣೆ ಇರುವುದಿಲ್ಲ. ಎದುರಿನವರು ಏನು ಹೇಳುತ್ತಾರೋ ಅದಕ್ಕೆ ಅಲ್ಲೇ ಉತ್ತರ ಹುಟ್ಟಬೇಕು. ಊರಿನ ದೇವಸ್ಥಾನದ ಬ್ರಹ್ಮಕಲಶದ ಹೊತ್ತಿಗೆ ಹೆಂಗಸರದ್ದೇ ಒಂದು ತಂಡ ಆಯಿತು. ವಾಲಿಯ ಅರ್ಥ ಹೇಳಬೇಕಾದವರಿಗೆ ಜ್ವರ ಬಂತು. ಅಕ್ಕನನ್ನು ಕೂರಿಸಿದರು. ಆಗ ಅವರಿಗೆ ನಲುವತ್ತು ದಾಟಿತ್ತು. ಸಾಯುತ್ತಿರುವ ವಾಲಿ ರಾಮನನ್ನು ಕೇಳುವ ಪ್ರಶ್ನೆಗಳನ್ನು ಅಕ್ಕ ದನಿ ಏರಿಸದೆ, ನಿಧಾನವಾಗಿ, ಲೆಕ್ಕ ಕೇಳುವ ಹಾಗೆ ಕೇಳಿದರು ಎಂದು ನೋಡಿದವರು ಈಗಲೂ ಹೇಳುತ್ತಾರೆ. ಆಮೇಲೆ ಶೂರ್ಪನಖಿ, ಮಂಥರೆ. ಸೀತೆಯ ಅರ್ಥ ಕೊಡುತ್ತೇವೆ ಎಂದರೆ ಬೇಡ ಎನ್ನುತ್ತಿದ್ದರಂತೆ.

ಇದನ್ನು ಇಷ್ಟು ಬಿಡಿಸಿ ಬರೆಯಲು ಕಾರಣ ಇದೆ. ಅಕ್ಕನ ನಟನೆ ನೋಡಿದ ಸಿನಿಮಾದವರು “ಟ್ರೇನಿಂಗೇ ಇಲ್ಲದೆ ಎಷ್ಟು ಸಹಜ” ಎಂದು ಬೆರಗಾಗುತ್ತಾರೆ. ಆ ಮಾತು ನನಗೆ ಸರಿ ಕಾಣುವುದಿಲ್ಲ. ಕೂತ ಜಾಗದಿಂದ ಏಳದೆ, ಬರೀ ಮುಖ ಮತ್ತು ದನಿಯಲ್ಲಿ ಒಂದು ಪಾತ್ರವನ್ನು ಗಂಟೆಗಟ್ಟಲೆ ನಿಲ್ಲಿಸಿದವರಿಗೆ ಕ್ಲೋಸಪ್ ಹೊಸತಲ್ಲ. ಕ್ಯಾಮೆರಾ ಕೇಳುವುದೂ ಅದನ್ನೇ ಅಲ್ವಾ? ಇಪ್ಪತ್ತು ವರ್ಷಗಳ ತರಬೇತಿ ಅವರಿಗೆ ಆಗಿತ್ತು. ಸರ್ಟಿಫಿಕೇಟ್ ಇರಲಿಲ್ಲ, ಅಷ್ಟೇ.

ಅರುವತ್ತು ದಾಟಿದ ಮೇಲೆ ಸಿನಿಮಾ ಬಂತು. ಆ ಹೊತ್ತಿಗೆ ಮಲಯಾಳದವರು ಕಾಸರಗೋಡಿಗೆ ಬರಲು ಶುರುವಾಗಿತ್ತು. ಮೊದಲೆಲ್ಲ ಈ ಜಿಲ್ಲೆಯ ಮಾತು ಅವರಿಗೆ ತಮಾಷೆಯ ವಸ್ತು. ಈಗ ಇಲ್ಲಿಯ ಜನರನ್ನೇ, ಇಲ್ಲಿಯ ಮಾತಿನಲ್ಲೇ ಹಾಕಿಕೊಂಡು ಸಿನಿಮಾ ಮಾಡುತ್ತಾರೆ. ಕಾಞಂಗಾಡಿನ ಸೆನ್ನ ಹೆಗ್ಡೆ ಎಂಬ ನಿರ್ದೇಶಕರ ವಿಷಯ ಕೆಲವರಿಗೆ ಗೊತ್ತಿರಬಹುದು. 2018ರಲ್ಲಿ ಕನ್ನಡದಲ್ಲಿ ‘ಕಥೆಯೊಂದು ಶುರುವಾಗಿದೆ’ ಮಾಡಿದವರು ಅವರೇ. ಆಮೇಲೆ ತಮ್ಮ ಊರಿನ ಕಡೆಯ ಹೊಸಬರನ್ನು ಸೇರಿಸಿ ಮಾಡಿದ ‘ತಿಂಗಳಾಯ್ಚ ನಿಶ್ಚಯಂ’ಗೆ 68ನೇ ರಾಷ್ಟ್ರೀಯ ಪ್ರಶಸ್ತಿಗಳಲ್ಲಿ ಅತ್ಯುತ್ತಮ ಮಲಯಾಳ ಚಿತ್ರ ಪ್ರಶಸ್ತಿ ಬಂತು. 2022ರಲ್ಲಿ ಬಂದ ‘ನ್ನಾ ತಾನ್ ಕೇಸ್ ಕೊಡು’ ಸಿನಿಮಾದಲ್ಲಿ ನ್ಯಾಯಾಧೀಶರ ಪಾತ್ರ ಮಾಡಿದ ಪಿ.ಪಿ. ಕುಂಞಿಕೃಷ್ಣನ್ ಇದೇ ಜಿಲ್ಲೆಯ ನಿವೃತ್ತ ಶಿಕ್ಷಕರು. ಆ ವರ್ಷದ ಕೇರಳ ರಾಜ್ಯ ಪ್ರಶಸ್ತಿಯಲ್ಲಿ ಅತ್ಯುತ್ತಮ ಪೋಷಕ ನಟ ಅವರೇ. ಅವರ ಆ ಮಾತಿನ ಧಾಟಿ ಇಲ್ಲದಿದ್ದರೆ ಆ ಪಾತ್ರ ಇಲ್ಲ.

ಅಕ್ಕನ ಮೊದಲ ಪಾತ್ರ ಒಂದು ಮಲಯಾಳ ಸಿನಿಮಾದಲ್ಲಿ ರೇಷನ್ ಅಂಗಡಿಯ ಸಾಲಿನಲ್ಲಿ ನಿಲ್ಲುವುದು. ಮಾತು ಇರಲಿಲ್ಲ. ಸೀಮೆಎಣ್ಣೆ ಇಲ್ಲ ಎಂದಾಗ ಅಂಗಡಿಯವನನ್ನು ನೋಡಿ ಕ್ಯಾನ್ ಮುಚ್ಚಳ ಹಾಕಿದ ರೀತಿ ಕಂಡು ನಿರ್ದೇಶಕರು ಅಲ್ಲೇ ಎರಡು ಸಾಲು ಕೊಟ್ಟರು. ಅದಾದ ಮೇಲೆ ಕರೆಗಳು ಬಂದವು. ಆದರೆ ಎಲ್ಲ ಒಂದೇ ಥರ. ಅಳುವ ಅಜ್ಜಿ, ಕೆಮ್ಮುವ ಅಜ್ಜಿ, ಎರಡನೇ ರೀಲಿನಲ್ಲಿ ಸಾಯುವ ಅಜ್ಜಿ. ಅಕ್ಕ ಎಲ್ಲವನ್ನೂ ಬಿಟ್ಟರು. ಬೀಡಿ ಕಟ್ಟಿ ಬದುಕಿದವರು ದುಡ್ಡು ಬರುವ ಕೆಲಸ ಬಿಡುವುದು ಸುಲಭದ ಮಾತಲ್ಲ. “ನನಗೆ ಅಳಲಿಕ್ಕೆ ಬರುವುದಿಲ್ಲ ಅಂತ ಅಲ್ಲ. ಅಳುವುದು ಮಾತ್ರ ಬರುತ್ತದೆ ಅಂತ ಅವರು ತಿಳಿಯಬಾರದು” ಎಂದರು ಒಮ್ಮೆ.

ಸೆಟ್ಟಿನಲ್ಲಿ ಎಲ್ಲರೂ “ಅಜ್ಜಿ” ಎಂದು ಕರೆದರೆ ತಿರುಗಿ ನೋಡುವುದಿಲ್ಲ. “ಅಕ್ಕ ಅನ್ನಿ, ಕೇಳ್ತದೆ” ಅನ್ನುತ್ತಾರೆ. ಒಮ್ಮೆ ಮೇಕಪ್ಪಿನವರು ಅವರ ಬಿಳಿ ಕೂದಲಿಗೆ ಇನ್ನಷ್ಟು ಬಿಳಿ ಬಳಿಯಲು ಬಂದರು. ವಯಸ್ಸಾದವರ ಹಾಗೆ ಕಾಣಬೇಕಂತೆ! ಅಕ್ಕ ಕುರ್ಚಿಯಿಂದ ಎದ್ದು, ತಲೆಗೆ ಬೈರಾಸು ಸುತ್ತಿ, ಶಾಟ್‌ಗೆ ಹೋಗಿ ನಿಂತರು. ಒಂದು ತುಳು ಸಿನಿಮಾದಲ್ಲಿ ಬಡ್ಡಿಗೆ ಸಾಲ ಕೊಡುವ ಹೆಂಗಸಿನ ಪಾತ್ರ ಸಿಕ್ಕಿತು. ಸಾಲ ಕೇಳಲು ಬಂದವನು ಕಣ್ಣೀರು ಹಾಕುತ್ತಾ ಮಾತಾಡುವಾಗ ಅಕ್ಕ ತಮ್ಮ ಸೆರಗಿನ ನೂಲು ಎಳೆಯುತ್ತಾ ಕೂತಿರುತ್ತಾರೆ. ಕೊನೆಗೆ ಸಣ್ಣಗೆ ನಗುತ್ತಾರೆ. ಆ ನಗು ಬರೆದದ್ದಲ್ಲ. ಆ ದೃಶ್ಯ ನೋಡಿಯೇ ಬೆಂಗಳೂರಿನ ಕನ್ನಡ ಸಿನಿಮಾದವರು ಹುಡುಕಿಕೊಂಡು ಬಂದದ್ದು.

ಒಂದೇ ಕೈ, ಬೇರೆ ಬೇರೆ ಮಾತು

ಕನ್ನಡ ಸಿನಿಮಾದಲ್ಲಿ ಅವರದ್ದು ಮುಖ್ಯ ಪಾತ್ರಗಳಲ್ಲಿ ಒಂದು. ತರವಾಡು ಮನೆ, ಅಂದರೆ ಕುಟುಂಬದ ಮೂಲಮನೆಯ ಮಾರಾಟಕ್ಕೆ ಸಹಿ ಹಾಕಲು ಒಪ್ಪದ ಹಿರಿಯಳು. ಯಾಕೆ ಒಪ್ಪುವುದಿಲ್ಲ ಎಂಬುದನ್ನು ಸಿನಿಮಾ ಪೂರ್ತಿ ಹೇಳುವುದಿಲ್ಲ. ಅಕ್ಕನಿಗೆ ಕಥೆ ಹಿಡಿಸಿತು. ನಿರ್ದೇಶಕರು ಒಳ್ಳೆಯವರು, ಕೆಲಸದ ಬಗ್ಗೆ ಪ್ರೀತಿ ಇದ್ದವರು. ಬರೆದ ಸಂಭಾಷಣೆ ಬೆಂಗಳೂರಿನ ಕನ್ನಡದಲ್ಲಿತ್ತು. ಅದನ್ನು ಇಲ್ಲಿಯ ಕನ್ನಡಕ್ಕೆ ತರುವುದು ನನ್ನ ಕೆಲಸ. ನಾನು ಬರೆದು ಕೊಟ್ಟದ್ದನ್ನು ಅಕ್ಕ ಒಮ್ಮೆ ಕೇಳಿ, ಪಕ್ಕಕ್ಕಿಟ್ಟು, ತಮ್ಮದೇ ರೀತಿಯಲ್ಲಿ ಹೇಳುತ್ತಿದ್ದರು. ಅದೇ ಚೆನ್ನಾಗಿರುತ್ತಿತ್ತು.

ಒಂದು ದೃಶ್ಯವನ್ನು ಹೇಳಲೇಬೇಕು. ಜಗಲಿಯಲ್ಲಿ ಕೂತು ಬೀಡಿ ಕಟ್ಟುತ್ತಾ ಅಣ್ಣನ ಮಗನ ಹತ್ತಿರ ಮಾತಾಡುವ ದೃಶ್ಯ. ಎಲೆ ತೆಗೆಯುವುದು, ಹೊಗೆಸೊಪ್ಪಿನ ಹುಡಿ ಹಾಕುವುದು, ಸುತ್ತುವುದು, ಬಾಯಿ ಮಡಚುವುದು, ನೂಲು ಕಟ್ಟುವುದು. ಕಣ್ಣು ಹುಡುಗನ ಮೇಲೆ. ಮೂರು ಕೋನಗಳಿಂದ ತೆಗೆದರು, ತುಂಬ ಟೇಕ್‌ಗಳಾದವು. ಕಂಟಿನ್ಯುಟಿ, ಅಂದರೆ ಒಂದು ಟೇಕ್ ಇನ್ನೊಂದಕ್ಕೆ ಹೊಂದುತ್ತದಾ ಎಂದು ನೋಡುವ ಹುಡುಗಿ ಮಾನಿಟರ್ ಎದುರು ತಲೆ ಹಿಡಿದು ಕೂತಿದ್ದಳು. ಪ್ರತಿ ಟೇಕ್‌ನಲ್ಲೂ ಅಕ್ಕನ ಮಾತು ಸ್ವಲ್ಪ ಬೇರೆ. ಒಮ್ಮೆ “ಸಹಿ ಹಾಕುದಿಲ್ಲ” ಅಂದರೆ ಇನ್ನೊಮ್ಮೆ “ನನ್ನ ಕೈಯಿಂದ ಸಹಿ ಬರ್ಲಿಕ್ಕಿಲ್ಲ.” ಆದರೆ ಕೈ ಮಾತ್ರ ಎಳ್ಳಷ್ಟೂ ಬದಲಾಗುವುದಿಲ್ಲ. ಅರ್ಥದ ಅದೇ ತಿರುವಿನಲ್ಲಿ ನೂಲು ಬಿಗಿಯುತ್ತದೆ, ಅದೇ ತಿರುವಿನಲ್ಲಿ ಬೀಡಿ ತಟ್ಟೆಗೆ ಬೀಳುತ್ತದೆ. ಆ ಹುಡುಗಿ ಕೊನೆಗೆ ಮಾತು ಬಿಟ್ಟು ಕೈ ನೋಡಿ ಬರೆದುಕೊಳ್ಳಲು ಶುರು ಮಾಡಿದಳು.

ಶೂಟಿಂಗ್ ನಡೆದದ್ದು ಮಳೆಗಾಲದ ಕೊನೆಯಲ್ಲಿ. ಹಂಚಿನ ಮೇಲೆ ಮಳೆ, ಹಿಂದೆ ಜನರೇಟರ್. ಹಾಗಾಗಿ ಸಿಂಕ್ ಸೌಂಡ್, ಅಂದರೆ ಸೆಟ್ಟಿನ ಮಾತನ್ನೇ ಸಿನಿಮಾಕ್ಕೆ ಬಳಸುವುದು, ಆಗಲಿಲ್ಲ. ಪೈಲಟ್ ಟ್ರ್ಯಾಕ್ ಮಾತ್ರ ತೆಗೆದುಕೊಂಡರು. ಅಂದರೆ ಸೆಟ್ಟಿನಲ್ಲಿ ಆಡಿದ ಮಾತು ಬರೀ ಗುರುತಿಗೆ. ಆಮೇಲೆ ಸ್ಟುಡಿಯೋದಲ್ಲಿ ಕೂತು ಮತ್ತೆ ಹೇಳಬೇಕು. ಇದು ನಮಗೆ ಗೊತ್ತಿತ್ತು. ಅಕ್ಕನೇ ಹೇಳುತ್ತಾರೆ ಎಂದು ಎಲ್ಲರೂ ತಿಳಿದಿದ್ದೆವು.

ಫೋನು ಬಂದದ್ದು

ಎಡಿಟಿಂಗ್ ಮುಗಿದ ಮೇಲೆ ಒಬ್ಬ ಅಸಿಸ್ಟೆಂಟ್ ಡೈರೆಕ್ಟರ್ ನನಗೆ ಫೋನ್ ಮಾಡಿದರು. ಅಕ್ಕನ ಪಾತ್ರಕ್ಕೆ ಬೆಂಗಳೂರಿನ ಒಬ್ಬ ಅನುಭವಿ ಡಬ್ಬಿಂಗ್ ಕಲಾವಿದೆಯ ದನಿ ಹಾಕುತ್ತಿದ್ದೇವೆ, ಅವರಿಗೆ ಒಂದು ಮಾತು ತಿಳಿಸಿಬಿಡಿ ಸರ್, ಎಂದರು. ಕಾರಣ ಕೇಳಿದೆ. ಆ ಕನ್ನಡ ಮೈಸೂರು, ಬೆಂಗಳೂರು ಕಡೆಯವರಿಗೆ ಅರ್ಥ ಆಗುವುದಿಲ್ಲ ಎಂದು ನಿರ್ಮಾಪಕರ ಕಡೆಯವರು ಹೇಳುತ್ತಿದ್ದಾರಂತೆ. ಜೊತೆಗೆ ಆ ವಯಸ್ಸಿನಲ್ಲಿ ಅವರಿಗೆ ಲಿಪ್ ಸಿಂಕ್ (ತುಟಿಗೆ ಮಾತು ಕೂಡಿಸುವುದು) ಮಾಡಲು ಆಗಲಿಕ್ಕಿಲ್ಲ, ಸ್ಟುಡಿಯೋ ಗಂಟೆ ಲೆಕ್ಕ, ಬೆಂಗಳೂರಿಗೆ ಬರಬೇಕು, ಉಳಿಯಬೇಕು. ಹುಡುಗ ಮರ್ಯಾದೆಯಿಂದಲೇ ಮಾತಾಡಿದ. ಸಂಭಾವನೆ ಪೂರ್ತಿ ಕೊಡುತ್ತೇವೆ ಎಂದೂ ಹೇಳಿದ.

ಸಂಜೆ ಅಕ್ಕನ ಮನೆಗೆ ಹೋಗಿ ಹೇಳಿದೆ. ಸ್ವಲ್ಪ ಹೊತ್ತು ಮಾತಾಡಲಿಲ್ಲ. “ನನ್ನ ಮಾತು ಬೇಡದಿದ್ರೆ ಅವರು ಇಷ್ಟು ದೂರ ಎಂತಕ್ಕೆ ಬಂದದ್ದು ಮಾಷ್ಟ್ರೇ? ಮುದುಕಿಯರು ಬೆಂಗಳೂರಲ್ಲಿ ಇಲ್ವಾ?” ಎಂದರು.

ಇಲ್ಲಿ ನಿಂತು ಎರಡು ಮಾತು ಹೇಳಬೇಕು. ಡಬ್ಬಿಂಗ್ ತಪ್ಪು ಎಂದು ನಾನು ಹೇಳುವುದಿಲ್ಲ. ಅದು ದೊಡ್ಡ ಕಲೆ. 1993ರ ‘ಮಣಿಚಿತ್ರತ್ತಾಳ್’ ಸಿನಿಮಾಕ್ಕೆ ಶೋಭನಾ ಅವರಿಗೆ ರಾಷ್ಟ್ರೀಯ ಪ್ರಶಸ್ತಿ ಬಂತಲ್ಲ, ಅದರಲ್ಲಿ ನಾವು ಕೇಳುವ ದನಿ ಭಾಗ್ಯಲಕ್ಷ್ಮಿಯವರದ್ದು. ನಾಗವಲ್ಲಿಯಾಗಿ ತಮಿಳಿನಲ್ಲಿ ಅಬ್ಬರಿಸುವ ಭಾಗಕ್ಕೆ ದನಿ ಕೊಟ್ಟವರು ದುರ್ಗಾ ಎಂಬುದು ಜನರಿಗೆ ತಿಳಿದದ್ದು ಎಷ್ಟೋ ವರ್ಷಗಳ ನಂತರ. ಕೇರಳದಲ್ಲಿ ಡಬ್ಬಿಂಗ್ ಕಲಾವಿದರಿಗೆ ರಾಜ್ಯ ಪ್ರಶಸ್ತಿಯೇ ಇದೆ. ನಟಿಗೆ ಆ ಭಾಷೆ ಬಾರದಿದ್ದಾಗ, ಆರೋಗ್ಯ ಕೆಟ್ಟಾಗ, ನಟಿಯೇ ಒಪ್ಪಿದಾಗ, ಬೇರೆ ದನಿ ಹಾಕುವುದರಲ್ಲಿ ಯಾವ ದೋಷವೂ ಇಲ್ಲ. ಅಕ್ಕನ ವಿಷಯದಲ್ಲಿ ಈ ಮೂರೂ ಇರಲಿಲ್ಲ. ಅವರನ್ನು ಕರೆದದ್ದೇ ಮಾತಿಗಾಗಿ.

ಇನ್ನು ಜನರಿಗೆ ಅರ್ಥ ಆಗುವುದಿಲ್ಲ ಎಂಬ ಮಾತು. ಇದನ್ನು ಕೇಳಿದರೆ ನನಗೆ ನಿಜವಾಗಿಯೂ ಸಂಕಟ ಆಗುತ್ತದೆ. ಮಂಡ್ಯದ ನೊದೆಕೊಪ್ಪಲಿನ ಊರವರನ್ನೇ ಹಾಕಿಕೊಂಡು, ಅವರದ್ದೇ ಮಾತಿನಲ್ಲಿ ಮಾಡಿದ ‘ತಿಥಿ’ 2015ರಲ್ಲಿ ಲೊಕಾರ್ನೋ ಚಿತ್ರೋತ್ಸವದಲ್ಲಿ ಪ್ರಶಸ್ತಿ ಪಡೆಯಿತು, ಇಲ್ಲಿ ಅತ್ಯುತ್ತಮ ಕನ್ನಡ ಚಿತ್ರದ ರಾಷ್ಟ್ರೀಯ ಪ್ರಶಸ್ತಿಯೂ ಬಂತು. ಅದರಲ್ಲಿ ಗಡ್ಡಪ್ಪ, ಸೆಂಚುರಿ ಗೌಡ ಆಡಿದ ಮಾತು ಕಾಸರಗೋಡಿನ ನಮಗೆ ಅರ್ಥ ಆಗಲಿಲ್ಲವಾ? ಚೆನ್ನಾಗಿಯೇ ಆಯಿತು. ಕರಾವಳಿಯ ಕನ್ನಡ ಮಾತಾಡುವ ‘ಕಾಂತಾರ’ 2022ರಲ್ಲಿ ರಾಜ್ಯವಿಡೀ ಓಡಿತು. ಅದಕ್ಕಿಂತ ಮೊದಲು 2018ರಲ್ಲಿ ನಮ್ಮದೇ ಕನ್ನಡ ಶಾಲೆಯ ಕಥೆಯ ‘ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆ ಕಾಸರಗೋಡು’ ಬಂದಾಗ ಬೆಂಗಳೂರಿನವರು ನಕ್ಕರು, ಅತ್ತರು. ಮತ್ತೆ ಮತ್ತೆ ಸಾಬೀತಾದ ಮೇಲೂ ಪ್ರತಿ ಸಲ ನಾವು ಮೊದಲಿನಿಂದ ಸಾಬೀತು ಮಾಡಬೇಕು. ಕೇರಳದಲ್ಲಿ ಕನ್ನಡಕ್ಕಾಗಿ ಹೋರಾಡುವ ನಮಗೆ, ಕನ್ನಡದವರೇ ನಿಮ್ಮದು ಬೇರೆ ಕನ್ನಡ ಎಂದರೆ ಹೋಗುವುದು ಎಲ್ಲಿಗೆ?

ಅಕ್ಕ ಸಹಿ ಹಾಕಿದ ಕಾಗದ ತರಿಸಿ ಓದಿದೆ. ಒಂದೂವರೆ ಪುಟ, ಇಂಗ್ಲಿಷಿನಲ್ಲಿ. ಎಷ್ಟು ದಿನ, ಎಷ್ಟು ಸಂಭಾವನೆ, ಬಾಟಾ (ದಿನದ ಖರ್ಚಿನ ಹಣ) ಎಷ್ಟು, ಪ್ರಚಾರಕ್ಕೆ ಬರಬೇಕು ಎಂದೆಲ್ಲ ಇತ್ತು. ದನಿಯ ಬಗ್ಗೆ ಒಂದು ಅಕ್ಷರ ಇಲ್ಲ. ಪುತ್ತೂರಿನ ಪರಿಚಯದ ವಕೀಲರೊಬ್ಬರನ್ನು ಕೇಳಿದೆವು. ಕೃತಿಸ್ವಾಮ್ಯ ಕಾಯ್ದೆಗೆ 2012ರಲ್ಲಿ ತಿದ್ದುಪಡಿ ಆಗಿ 38ಬಿ ಎಂಬ ಕಲಂ ಬಂದಿದೆ. ಪ್ರದರ್ಶನ ಕೊಟ್ಟವರಿಗೆ ತಮ್ಮ ಹೆಸರು ಹೇಳಿಸಿಕೊಳ್ಳುವ ಹಕ್ಕು ಇದೆ. ತಮ್ಮ ಹೆಸರಿಗೆ ಕುಂದು ಬರುವ ಹಾಗೆ ಪ್ರದರ್ಶನವನ್ನು ತಿರುಚಿದರೆ ತಡೆಯುವ ಹಕ್ಕೂ ಇದೆ. ಆದರೆ ಡಬ್ಬಿಂಗ್ ಬಗ್ಗೆ ಅದರಲ್ಲಿ ನೇರ ಮಾತಿಲ್ಲ. ಕೋರ್ಟಿಗೆ ಹೋದರೆ ವಾದ ಮಾಡಬಹುದು, ವರ್ಷ ಹಿಡಿಯುತ್ತದೆ ಎಂದರು ವಕೀಲರು. ಅಕ್ಕನಿಗೆ ಕೋರ್ಟು ಬೇಡವಾಗಿತ್ತು. ನಿರ್ದೇಶಕರ ಮೇಲೆ ಸಿಟ್ಟೂ ಇರಲಿಲ್ಲ.

ಅವರು ಕೇಳಿದ್ದು ಒಂದೇ. ಒಂದು ದೃಶ್ಯ ನಾನೇ ಡಬ್ ಮಾಡಿ ತೋರಿಸುತ್ತೇನೆ. ಬೆಂಗಳೂರಿಗೆ ಬರುವುದಿಲ್ಲ, ಮಂಗಳೂರಿನ ಸ್ಟುಡಿಯೋದಲ್ಲಿ ಮಾಡುತ್ತೇನೆ. ಅದು ಸರಿ ಬಾರದಿದ್ದರೆ ಯಾರ ದನಿ ಬೇಕಾದರೂ ಹಾಕಿಕೊಳ್ಳಿ. ನಿರ್ದೇಶಕರೇ ಫೋನ್ ಮಾಡಿ ಆಗಲಿ ಎಂದರು. ನಿರ್ಮಾಪಕರನ್ನು ಒಪ್ಪಿಸಲು ಅವರೂ ಸಾಕಷ್ಟು ಕಷ್ಟಪಟ್ಟಿದ್ದಾರೆ. ಅದನ್ನು ಇಲ್ಲಿ ಹೇಳದಿದ್ದರೆ ನ್ಯಾಯ ಅಲ್ಲ.

ಬರಿಗೈಯಲ್ಲಿ ಬೀಡಿ

ಅಕ್ಕ ಆರಿಸಿಕೊಂಡದ್ದು ಬೀಡಿಯ ದೃಶ್ಯವನ್ನೇ. ತಯಾರಿಗೆ ಸ್ವಲ್ಪ ದಿನ ಸಿಕ್ಕಿತು. ಎಡಿಟ್ ಆದ ದೃಶ್ಯವನ್ನು ಅವರ ತಮ್ಮನ ಮಗಳು ಮೊಬೈಲಿಗೆ ಹಾಕಿ ಕೊಟ್ಟಳು. ಅಡುಗೆ ಮನೆಯಲ್ಲಿ ತೆಂಗಿನಕಾಯಿ ಹೆರೆಯುವಾಗ ಅದು ಓಡುತ್ತಿರುತ್ತಿತ್ತು.

ಸ್ಟುಡಿಯೋ ಎಂದರೆ ಮಂಗಳೂರಿನಲ್ಲಿ ಒಂದು ಮಹಡಿಯ ಮೇಲಿನ ಚಿಕ್ಕ ಕೋಣೆ. ಗೋಡೆಗೆಲ್ಲ ಸ್ಪಂಜು. ಎದುರಿಗೆ ಪರದೆ, ನಡುವೆ ಮೈಕ್, ಓದಲು ಸ್ಟ್ಯಾಂಡ್, ಅದರ ಮೇಲೆ ಪುಟಾಣಿ ದೀಪ. ಗಾಜಿನ ಆಚೆ ಸೌಂಡ್ ಇಂಜಿನಿಯರ್. ಇನ್ನೂ ಮೂವತ್ತು ದಾಟದ ಹುಡುಗ, ಸಮಾಧಾನಿ. ಅಕ್ಕನಿಗೆ ಹೆಡ್‌ಫೋನ್ ಹಾಕಿ, ಮೈಕಿನಿಂದ ಎಷ್ಟು ದೂರ ನಿಲ್ಲಬೇಕು ಎಂದು ತೋರಿಸಿದ.

ಮೊದಲ ಗಂಟೆ ಒಂದೂ ಸರಿ ಬರಲಿಲ್ಲ.

ದನಿ ಚೆನ್ನಾಗಿತ್ತು, ಭಾವ ಚೆನ್ನಾಗಿತ್ತು. ಪರದೆಯ ಮೇಲಿನ ತುಟಿಗೆ ಮಾತ್ರ ಕೂಡುತ್ತಿರಲಿಲ್ಲ. ಕಾರಣ ನನಗೆ ಆಗ ಹೊಳೆಯಿತು. ತಾಳಮದ್ದಳೆಯ ಅರ್ಥಧಾರಿ ಒಂದು ಮಾತನ್ನು ಎರಡನೇ ಸಲ ಹಾಗೇ ಹೇಳುವುದಿಲ್ಲ. ಹೇಳಿದರೆ ಅದು ಸೋಲು. ಡಬ್ಬಿಂಗ್ ಕೇಳುವುದು ಅದರ ಪೂರ್ತಿ ತದ್ವಿರುದ್ಧ. ಅವತ್ತು ಯಾವ ಅಕ್ಷರಕ್ಕೆ ತುಟಿ ಕೂಡಿತ್ತೋ ಇವತ್ತೂ ಅದೇ ಅಕ್ಷರಕ್ಕೆ ಕೂಡಬೇಕು. ಓದಿ ಹೇಳೋಣ ಎಂದರೆ ಆ ಬೆಳಕಿನಲ್ಲಿ ಅಕ್ಷರ ಕಾಣುವುದಿಲ್ಲ. ನಾನು ದೊಡ್ಡ ಅಕ್ಷರದಲ್ಲಿ ಬರೆದು ಹಿಡಿದೆ. ಆಗ ಓದುವ ದನಿ ಬಂತು. ಶಾಲೆಯ ಮಗು ಪಾಠ ಒಪ್ಪಿಸುವ ಹಾಗಿತ್ತು. ಇಂಜಿನಿಯರ್ ಏನೂ ಹೇಳಲಿಲ್ಲ, ಆದರೆ ಗಡಿಯಾರ ನೋಡಿದ.

ಚಾ ಕುಡಿಯಲು ಹೊರಗೆ ಬಂದೆವು. ಅಕ್ಕ ಸುಮ್ಮನೆ ಕೂತಿದ್ದರು. ಕೈ ಸುಮ್ಮನಿರಲಿಲ್ಲ. ಬೆರಳುಗಳು ಖಾಲಿ ಗಾಳಿಯಲ್ಲಿ ಎಲೆ ಸುತ್ತುತ್ತಿದ್ದವು. ಅವರಿಗದು ಅಭ್ಯಾಸ, ಯೋಚನೆ ಮಾಡುವಾಗ ಹಾಗೆ ಮಾಡುತ್ತಾರೆ. ಇದ್ದಕ್ಕಿದ್ದಂತೆ ನಿಲ್ಲಿಸಿ ಕೇಳಿದರು, “ಅಲ್ಲಿ ನಿಂತುಕೊಂಡೇ ಹೇಳ್ಬೇಕಾ? ಕೂತರೆ ಆಗ್ತದಾ?”

ಒಳಗೆ ಹೋಗಿ ಒಂದು ಮಣೆ ಕೇಳಿದರು. ಮಣೆ ಎಲ್ಲಿಂದ ಬರಬೇಕು? ಸೋಫಾದ ದಿಂಬನ್ನು ನೆಲಕ್ಕೆ ಹಾಕಿ ಕೂತರು. ಇಂಜಿನಿಯರ್ ಮೈಕ್ ಕೆಳಗಿಳಿಸಿದ. ಒಂದು ಕಿವಿಗೆ ಪೈಲಟ್ ಟ್ರ್ಯಾಕ್ ಹಾಕಿದ, ಇನ್ನೊಂದು ಕಿವಿ ತೆರೆದಿಟ್ಟ. ದೃಶ್ಯ ಓ‌ಡಿತು. ಪರದೆಯಲ್ಲಿ ಅಕ್ಕ ಬೀಡಿ ಕಟ್ಟುತ್ತಿದ್ದಾರೆ. ಕೆಳಗೆ ಅಕ್ಕ ಬರಿಗೈಯಲ್ಲಿ ಕಟ್ಟುತ್ತಿದ್ದಾರೆ. ನಿಜವಾದ ಎಲೆ ಹಿಡಿದರೆ ಸದ್ದು ಮೈಕಿಗೆ ಬೀಳುತ್ತದಲ್ಲ, ಅದಕ್ಕೆ ಬರಿಗೈ. ನೂಲು ಬಿಗಿಯುವ ಜಾಗದಲ್ಲಿ ಮಾತು ಬಿಗಿಯಿತು. ಬೀಡಿ ತಟ್ಟೆಗೆ ಬೀಳುವ ಜಾಗದಲ್ಲಿ ಸಾಲು ಮುಗಿಯಿತು. ತುಟಿ ಕೂಡಿತು. ಪೂರ್ತಿ ಅಲ್ಲ, ಎರಡು ಕಡೆ ಸ್ವಲ್ಪ ಆಚೀಚೆ. ಅದನ್ನು ಇಂಜಿನಿಯರ್ ಎಳೆದು ಸರಿ ಮಾಡಿದ. ಮಾತನ್ನು ಕಣ್ಣಿನಿಂದಲೂ ನೆನಪಿನಿಂದಲೂ ಹಿಡಿಯಲಾಗದವರು ಕೈಯಿಂದ ಹಿಡಿದರು.

ಆ ತುಣುಕನ್ನು ಅವತ್ತೇ ಬೆಂಗಳೂರಿಗೆ ಕಳಿಸಿದೆವು. ರಾತ್ರಿ ನಿರ್ದೇಶಕರು ಫೋನ್ ಮಾಡಿ ಉಳಿದದ್ದನ್ನೂ ಅಕ್ಕನೇ ಮಾಡಲಿ ಎಂದರು.

ಉಳಿದ ದೃಶ್ಯಗಳಿಗೂ ಇದೇ ದಾರಿ. ಬಾವಿ ಕಟ್ಟೆಯ ದೃಶ್ಯಕ್ಕೆ ಹಗ್ಗ ಎಳೆಯುವ ಹಾಗೆ ಕೈ ಆಡಿಸಿದರು. ನಡೆಯುತ್ತಾ ಬೈಯುವ ದೃಶ್ಯಕ್ಕೆ ನಿಂತಲ್ಲೇ ಹೆಜ್ಜೆ ಹಾಕಿದರು. ಬರೀ ಕೂತು ಮಾತಾಡುವ ಒಂದು ದೃಶ್ಯ ಕಷ್ಟವಾಯಿತು, ಅದರಲ್ಲಿ ಕೈಗೆ ಕೆಲಸ ಇರಲಿಲ್ಲ. ತಾಳ ಹಿಡಿದಂತೆ ತೊಡೆಯ ಮೇಲೆ ಬೆರಳು ಬಡಿದು, ಭಾಗವತರ ಪದದ ಲಯಕ್ಕೆ ಸಾಲುಗಳನ್ನು ಕಟ್ಟಿಕೊಂಡು ಅದನ್ನೂ ಮುಗಿಸಿದರು. ಕೊನೆಗೆ ಎರಡು ಚಿಕ್ಕ ದೃಶ್ಯಗಳಲ್ಲಿ ಮಾತ್ರ ಬೇರೆ ದನಿ ಉಳಿಯಿತು. ಅವುಗಳ ಸಂಭಾಷಣೆಯನ್ನು ಆಮೇಲೆ ಬದಲಿಸಿದ್ದರು, ಮತ್ತೆ ಸ್ಟುಡಿಯೋ ಹಿಡಿಯಲು ದುಡ್ಡಿರಲಿಲ್ಲ. ಅಕ್ಕನನ್ನು ಕೇಳಿಯೇ ಮಾಡಿದರು. ಸಿನಿಮಾ ನೋಡುವಾಗ ನನಗೆ ಆ ಎರಡು ಕಡೆ ಈಗಲೂ ಚುಚ್ಚುತ್ತದೆ. ಅಕ್ಕನಿಗೆ ಅಷ್ಟು ಬೇಸರ ಇಲ್ಲ.

ಆಮೇಲೆ

ಸಿನಿಮಾ ಥಿಯೇಟರಿನಲ್ಲಿ ಹೆಚ್ಚು ದಿನ ನಿಲ್ಲಲಿಲ್ಲ. ಅಕ್ಕನ ಮಾತು ಅರ್ಥ ಆಗಲಿಲ್ಲ ಎಂದು ಹೇಳಿದವರು ನನಗೆ ಒಬ್ಬರೂ ಸಿಗಲಿಲ್ಲ. ಹಾಸನ, ತುಮಕೂರಿನ ಗೆಳೆಯರನ್ನು ಕೇಳಿದ್ದೇನೆ. ಒಂದೆರಡು ಶಬ್ದ ತಿಳಿಯಲಿಲ್ಲ, ಆದರೆ ಅವರು ಏನು ಹೇಳುತ್ತಿದ್ದಾರೆ ಎಂಬುದು ಮುಖದಲ್ಲೇ ಇತ್ತು ಎಂದರು.

ಪ್ರಕರಣ ಇಲ್ಲಿಗೇ ಮುಗಿಯಬೇಕಿತ್ತು. ಆದರೆ ಕೆಲವು ತಿಂಗಳ ನಂತರ ಬೇರೊಂದು ತಂಡದಿಂದ ಅಕ್ಕನಿಗೆ ಕರೆ ಬಂತು. ಈ ಸಲ ನಟಿಸಲು ಅಲ್ಲ. ಆ ಸಿನಿಮಾದಲ್ಲಿ ಕರಾವಳಿಯ ಮುದುಕಿಯ ಪಾತ್ರವನ್ನು ಮೈಸೂರಿನ ಕಡೆಯ ಒಬ್ಬ ಹಿರಿಯ ರಂಗನಟಿ ಮಾಡಿದ್ದರು. ಅವರ ಕನ್ನಡಕ್ಕೆ ಇಲ್ಲಿಯ ಧಾಟಿ ಬಂದಿರಲಿಲ್ಲ. ಅಕ್ಕ ದನಿ ಕೊಡಬಹುದಾ ಎಂದು ಕೇಳಿದರು. ದುಡ್ಡು ಚೆನ್ನಾಗಿತ್ತು.

ಅಕ್ಕ ತಕ್ಷಣ ಉತ್ತರ ಕೊಡಲಿಲ್ಲ. “ಆ ಅಮ್ಮನಿಗೆ ಗೊತ್ತುಂಟಾ?” ಎಂದು ಕೇಳಿದರು. ಆ ಕಡೆಯವರು ಗೊತ್ತಿದೆ, ಗೊತ್ತಾಗುತ್ತದೆ, ಅದೆಲ್ಲ ಮಾಮೂಲು ಎಂದೆಲ್ಲ ಹೇಳಿದರು. ಅಕ್ಕ ಬಿಡಲಿಲ್ಲ. ಆ ಅಮ್ಮನ ಹತ್ತಿರ ತಾನೇ ಮಾತಾಡಬೇಕು, ಇಲ್ಲದಿದ್ದರೆ ಬರುವುದಿಲ್ಲ ಎಂದರು. ಎರಡು ದಿನ ಬಿಟ್ಟು ನಂಬರು ಕೊಟ್ಟರು.

ಆ ಮಾತುಕತೆ ನಡೆಯುವಾಗ ನಾನು ಅಲ್ಲೇ ಇದ್ದೆ. ಆ ಅಮ್ಮನಿಗೆ ಗೊತ್ತಿರಲಿಲ್ಲ. ಮೊದಲು ಬೇಸರ ಮಾಡಿಕೊಂಡರು. ನಲುವತ್ತು ವರ್ಷ ರಂಗದ ಮೇಲೆ ನಿಂತ ದನಿ ತನ್ನದು ಎಂದರು. ಅಕ್ಕ ಪೂರ್ತಿ ಕೇಳಿ, ತಮಗೆ ಆದದ್ದನ್ನು ಹೇಳಿದರು. ಆಮೇಲೆ ಇಬ್ಬರೂ ಎಷ್ಟೋ ಹೊತ್ತು ಮಾತಾಡಿದರು. ಬೀಡಿ, ಕಂಪನಿ ನಾಟಕ, ಮಂಡಿ ನೋವು, ಎಲ್ಲ ಬಂತು. ಕೊನೆಗೆ ಆ ಅಮ್ಮನೇ ದಾರಿ ಹೇಳಿದರು. ಅವರು ತಮ್ಮ ಸಾಲುಗಳನ್ನು ತಾವೇ ಮತ್ತೆ ಡಬ್ ಮಾಡುತ್ತಾರೆ, ಅಕ್ಕ ಪಕ್ಕದಲ್ಲಿ ಕೂತು ಧಾಟಿ ಹೇಳಿಕೊಡಬೇಕು. ತೀರಾ ಬಾರದ ಕಡೆ ಅಕ್ಕ ಹೇಳಲಿ, ಇಬ್ಬರ ಹೆಸರೂ ಟೈಟಲ್ ಕಾರ್ಡಿನಲ್ಲಿ ಬರಲಿ. ತಂಡದವರು ಒಪ್ಪಿದರು. ಒಪ್ಪದೆ ಬೇರೆ ದಾರಿ ಇರಲಿಲ್ಲ, ಇಬ್ಬರು ಹಿರಿಯರೂ ಒಂದೇ ಮಾತಿಗೆ ನಿಂತಿದ್ದರು. ಸ್ಟುಡಿಯೋದಲ್ಲಿ ಆ ಅಮ್ಮ ತುಂಬ ಬೇಗ ಕಲಿತರು. ಅಕ್ಕನ ದನಿ ಬೇಕಾದದ್ದು ಒಂದು ಜೋಗುಳದ ತುಳು ಸಾಲುಗಳಿಗೆ ಮಾತ್ರ.

ಈಗ ಅಕ್ಕ ವರ್ಷಕ್ಕೆ ಒಂದೋ ಎರಡೋ ಪಾತ್ರ ಮಾಡುತ್ತಾರೆ. ತಾಳಮದ್ದಳೆ ಬಿಟ್ಟಿಲ್ಲ. ಬೀಡಿಯನ್ನೂ ಪೂರ್ತಿ ಬಿಟ್ಟಿಲ್ಲ. ನಮ್ಮ ಕಡೆಯಿಂದ ಸಿನಿಮಾಕ್ಕೆ ಹೋಗುವ ವಯಸ್ಸಾದವರು ಇನ್ನೂ ಕೆಲವರಿದ್ದಾರೆ. ಒಬ್ಬರು ನಿವೃತ್ತ ಪೋಸ್ಟ್‌ಮ್ಯಾನ್, ಒಬ್ಬರು ಯಕ್ಷಗಾನ ಮೇಳ ಬಿಟ್ಟ ಹಾಸ್ಯಗಾರರು. ಸಹಿ ಹಾಕುವ ಮೊದಲು ಅವರು ಅಕ್ಕನ ಜಗಲಿಗೆ ಬಂದು ಕಾಗದ ತೋರಿಸುತ್ತಾರೆ. ಅಕ್ಕ ನನಗೆ ಫೋನ್ ಮಾಡಿಸುತ್ತಾರೆ. ಕಾಗದದಲ್ಲಿ ಇಲ್ಲದಿದ್ದರೆ ಕೆಳಗಿನ ಸಾಲನ್ನು ಕನ್ನಡದಲ್ಲೇ ಬರೆದು ಸೇರಿಸಿ ಕೊಡುತ್ತೇನೆ. ಬೇಕಾದವರು ತೆಗೆದುಕೊಳ್ಳಬಹುದು:

“ಈ ಪಾತ್ರದ ಮಾತುಗಳನ್ನು ಕಲಾವಿದರೇ ತಮ್ಮ ದನಿಯಲ್ಲಿ ಡಬ್ ಮಾಡುವುದು. ಬೇರೆಯವರ ದನಿ ಹಾಕಬೇಕಾದರೆ ಮೊದಲು ಕಲಾವಿದರಿಗೆ ತಿಳಿಸಿ, ಅವರ ಒಪ್ಪಿಗೆಯನ್ನು ಬರಹದಲ್ಲಿ ಪಡೆಯತಕ್ಕದ್ದು. ದನಿ ಕೊಟ್ಟವರ ಹೆಸರನ್ನು ಟೈಟಲ್ ಕಾರ್ಡಿನಲ್ಲಿ ಹಾಕತಕ್ಕದ್ದು.”